ಮೈ ಬೆಳೆಯುವ ಅಚ್ಚರಿ ಶಾಲೆಗೆ ಬಂದ ಕತೆ

ಮಿಕಿ ಮೌಸ್‌ಗೆ ಜೀವ ಕೊಟ್ಟ, ಬಾಂಬಿ ಎಂಬ ಜಿಂಕೆಮರಿಯನ್ನು ತೋರಿಸಿ ಜಗತ್ತಿನ ಕಣ್ಣು ಒದ್ದೆ ಮಾಡಿದ ವಾಲ್ಟ್ ಡಿಸ್ನಿ ಸ್ಟುಡಿಯೋ 1946ರಲ್ಲಿ ಮುಟ್ಟಿನ ಬಗ್ಗೆ ಒಂದು ಸಿನಿಮಾ ಮಾಡಿತ್ತು! ಹೌದು, ಹೆಣ್ಣುಮಕ್ಕಳ ತಿಂಗಳ ಮುಟ್ಟಿನ ಬಗ್ಗೆಯೇ. ಹೆಸರು ‘ದಿ ಸ್ಟೋರಿ ಆಫ್ ಮೆನ್‌ಸ್ಟ್ರುಯೇಷನ್’. ಹತ್ತು ನಿಮಿಷದ ಬಣ್ಣದ ಅನಿಮೇಷನ್ ಚಿತ್ರ. ಡಿಸ್ನಿಯ ಅದೇ ನಯವಾದ ಗೆರೆ, ಅದೇ ಮೆದುವಾದ ಬಣ್ಣ. ಆದರೆ ತೆರೆಯ ಮೇಲೆ ರಾಜಕುಮಾರಿಯೂ ಇಲ್ಲ, ಮಾಟಗಾತಿಯೂ ಇಲ್ಲ. ಅಲ್ಲಿರುವುದು ಅಂಡಾಶಯ, ಗರ್ಭಕೋಶ, ಮಿದುಳಿನ ತಳದಲ್ಲಿ ಕೂತು ಇಡೀ ಮೈಗೆ ಸುದ್ದಿ ಕಳಿಸುವ ಪಿಟ್ಯುಟರಿ ಗ್ರಂಥಿ!

ಅಮೆರಿಕದ ಶಾಲೆಗಳಲ್ಲಿ ಮುಂದಿನ ದಶಕಗಳಲ್ಲಿ ಈ ಚಿತ್ರ ನೋಡಿದವರ ಸಂಖ್ಯೆ ಸುಮಾರು 10 ಕೋಟಿ ಎಂಬ ಅಂದಾಜಿದೆ. ಹತ್ತು ಕೋಟಿ! ಒಂದೇ ಪಾಠವನ್ನು ಇಷ್ಟು ಜನ ಕತ್ತಲ ಕೋಣೆಯಲ್ಲಿ ಕೂತು ಕೇಳಿದ ಉದಾಹರಣೆಗಳು ಶಿಕ್ಷಣದ ಇತಿಹಾಸದಲ್ಲಿ ಎಷ್ಟಿದ್ದಾವು? ಚಿತ್ರಕ್ಕೆ ಹಣ ಹಾಕಿದ್ದು ಕೋಟೆಕ್ಸ್ ಪ್ಯಾಡುಗಳನ್ನು ಮಾರುತ್ತಿದ್ದ ಕಂಪನಿ. ಆ ಪ್ಯಾಡಿನ ಹುಟ್ಟೂ ಒಂದು ಸೋಜಿಗ. ಮೊದಲ ಮಹಾಯುದ್ಧದಲ್ಲಿ ಗಾಯಕ್ಕೆ ಕಟ್ಟಲೆಂದು ಮರದ ನಾರಿನಿಂದ ಒಂದು ಬಗೆಯ ಹತ್ತಿ ತಯಾರಿಸಿದ್ದರು. ಯುದ್ಧಭೂಮಿಯ ದಾದಿಯರು ಅದನ್ನೇ ತಮ್ಮ ಮುಟ್ಟಿಗೂ ಬಳಸಿದರು. ಯುದ್ಧ ಮುಗಿದು ದಾಸ್ತಾನು ಉಳಿದಾಗ ಕಂಪನಿಯ ಕಣ್ಣು ತೆರೆಯಿತು. 1920ರ ಹೊತ್ತಿಗೆ ಕೋಟೆಕ್ಸ್ ಅಂಗಡಿಗೆ ಬಂತು. ಇಪ್ಪತ್ತೈದು ವರ್ಷದ ಮೇಲೆ ಅದೇ ಕಂಪನಿ ಡಿಸ್ನಿಯ ಬಾಗಿಲು ತಟ್ಟಿತು.

ಇದರ ಹಿಂದೆ ವ್ಯಾಪಾರ ಇತ್ತು, ನಿಜ. ಆದರೂ ಚಿತ್ರವನ್ನು ಇಂದು ನೋಡಿದರೆ ಮೈ ಜುಮ್ಮೆನ್ನುತ್ತದೆ. ಅದರ ಧಾಟಿಯಲ್ಲಿ ಒಂದಿಷ್ಟೂ ಬೆದರಿಕೆಯಿಲ್ಲ! ತೊಟ್ಟಿಲ ಕೂಸಿನಿಂದ ಕತೆ ಶುರುವಾಗುತ್ತದೆ. ಕೂಸು ಹುಡುಗಿಯಾಗುತ್ತದೆ. ಮಿದುಳಿನ ಬುಡದ ಗ್ರಂಥಿಯೊಂದು ರಕ್ತದಲ್ಲಿ ಸಂದೇಶ ತೇಲಿಬಿಡುತ್ತದೆ, ಅಂಡವೊಂದು ಹೊರಡುತ್ತದೆ, ಗರ್ಭಕೋಶ ಒಳಪದರವನ್ನು ಹಾಸಿ ಕಾಯುತ್ತದೆ, ಬೇಡವಾದಾಗ ಅದನ್ನು ಕಳಚುತ್ತದೆ. ಅಷ್ಟೇ! ಸ್ನಾನ ಮಾಡಿ, ವ್ಯಾಯಾಮ ಮಾಡಿ, ಎಂದಿನಂತೆ ಓಡಾಡಿ ಎನ್ನುತ್ತದೆ ನಿರೂಪಣೆಯ ದನಿ. ಯೋನಿ ಎಂಬ ಪದವನ್ನು ಬಾಯಿಬಿಟ್ಟು ಹೇಳಿದ ಮೊದಲ ಸಿನಿಮಾ ಬಹುಶಃ ಇದೇ ಎಂದು ಹೇಳುವವರಿದ್ದಾರೆ. ಹಾಗಿದ್ದೂ ಸಂಕೋಚ ಪೂರ್ತಿ ಬಿಟ್ಟಿರಲಿಲ್ಲ. ತೆರೆಯ ಮೇಲಿನ ಸ್ರಾವದ ಬಣ್ಣ ಕೆಂಪಲ್ಲ, ಬಿಳಿ. ಗಂಡು ಹೆಣ್ಣಿನ ಕೂಡುವಿಕೆಯ ಮಾತೇ ಇಲ್ಲ. ಆದರೂ 2015ರಲ್ಲಿ ಅಮೆರಿಕ ಈ ಹತ್ತು ನಿಮಿಷದ ಪಾಠವನ್ನು ತನ್ನ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿಸಿ, ಇದು ಶಾಶ್ವತವಾಗಿ ಉಳಿಯಬೇಕಾದ ಕೃತಿ ಎಂದು ಸಾರಿತು.

ಆ ಗುಟ್ಟು ದೊಡ್ಡವರಿಗೂ ಹೊಸದು

ಈಗ ಇನ್ನೂ ದೊಡ್ಡ ಅಚ್ಚರಿ ಕೇಳಿ. ಈ ಚಿತ್ರವನ್ನು ಐವತ್ತು ವರ್ಷ ಮೊದಲು ಯಾರೂ ಮಾಡಲು ಸಾಧ್ಯವೇ ಇರಲಿಲ್ಲ. ಧೈರ್ಯದ ಮಾತು ಹಾಗಿರಲಿ, ಅದರಲ್ಲಿ ಹೇಳಿರುವ ಸಂಗತಿಯೇ ಆಗ ಮನುಷ್ಯರಿಗೆ ಗೊತ್ತಿರಲಿಲ್ಲ!

ಸಸ್ತನಿಗಳ ಅಂಡವನ್ನು ಮನುಷ್ಯನ ಕಣ್ಣು ಮೊದಲ ಬಾರಿ ಖಚಿತವಾಗಿ ಕಂಡದ್ದು 1827ರಲ್ಲಿ. ಕೋನಿಗ್ಸ್‌ಬರ್ಗ್‌ನಲ್ಲಿದ್ದ ಕಾರ್ಲ್ ಅರ್ನ್ಸ್ಟ್ ಫಾನ್ ಬೇರ್ ಎಂಬ ವಿಜ್ಞಾನಿ ಸಹೋದ್ಯೋಗಿಯ ಮನೆಯ ನಾಯಿಯೊಂದರ ಅಂಡಾಶಯವನ್ನು ಸೂಕ್ಷ್ಮದರ್ಶಕದಡಿ ಇಟ್ಟಾಗ ಆ ಹಳದಿ ಚುಕ್ಕಿ ಕಂಡಿತು. ಅಷ್ಟು ಹೊತ್ತಿಗೆ ಯುರೇನಸ್ ಗ್ರಹ ಪತ್ತೆಯಾಗಿತ್ತು, ರೈಲು ಓಡುತ್ತಿತ್ತು. ನಾವೆಲ್ಲ ಹುಟ್ಟಿ ಬಂದ ಆ ಕಣ ಮಾತ್ರ ಅದುವರೆಗೆ ಯಾರಿಗೂ ಕಂಡಿರಲಿಲ್ಲ! ವೀರ್ಯಾಣು ಮತ್ತು ಅಂಡದ ಕೇಂದ್ರಗಳು ಒಂದಾಗುವುದೇ ಗರ್ಭಧಾರಣೆಯ ತಿರುಳು ಎಂದು ಆಸ್ಕರ್ ಹರ್ಟ್‌ವಿಗ್ ಕಡಲ ಅರ್ಚಿನ್ ಎಂಬ ಮುಳ್ಳುಜೀವಿಯಲ್ಲಿ ಕಂಡು ಹೇಳಿದ್ದು 1876ರಲ್ಲಿ.

ಮುಟ್ಟಿನ ಲೆಕ್ಕಾಚಾರ ಇನ್ನೂ ತಡ. 19ನೇ ಶತಮಾನದ ಅನೇಕ ವೈದ್ಯರು ಹೆಣ್ಣಿನ ಮುಟ್ಟನ್ನು ನಾಯಿಯ ಬೆದೆಗೆ ಹೋಲಿಸಿ, ಸ್ರಾವದ ದಿನಗಳಲ್ಲೇ ಅಂಡ ಬಿಡುಗಡೆಯಾಗುತ್ತದೆ ಎಂದು ನಂಬಿದ್ದರು. ಅದು ಪೂರ್ತಿ ತಲೆಕೆಳಗು! ಮುಂದಿನ ಮುಟ್ಟಿಗೆ ಸುಮಾರು ಎರಡು ವಾರ ಮೊದಲು ಅಂಡ ಹೊರಡುತ್ತದೆ ಎಂಬುದನ್ನು 1920ರ ದಶಕದಲ್ಲಿ ಜಪಾನಿನ ಕ್ಯೂಸಾಕು ಒಗಿನೊ, ಆಸ್ಟ್ರಿಯಾದ ಹರ್ಮನ್ ಕ್ನೌಸ್ ಬೇರೆಬೇರೆಯಾಗಿ ತೋರಿಸಿಕೊಟ್ಟರು. ಅಂಡಾಶಯದ ಮೊದಲ ಹಾರ್ಮೋನನ್ನು ಶುದ್ಧ ರೂಪದಲ್ಲಿ ಬೇರ್ಪಡಿಸಿದ್ದು 1929ರಲ್ಲಿ. ಪ್ರೊಜೆಸ್ಟೆರಾನ್ ಸಿಕ್ಕಿದ್ದು 1934ರಲ್ಲಿ. ಅಂದರೆ ಡಿಸ್ನಿಯ ಕಲಾವಿದರು ಪರದೆಯ ಮೇಲೆ ಬಿಡಿಸಿದ ಕತೆ ಪ್ರಯೋಗಾಲಯದಿಂದ ಹೊರಬಂದು ಎರಡು ದಶಕವೂ ಆಗಿರಲಿಲ್ಲ. ತರಗತಿಯಲ್ಲಿ ಕೂತ ಹನ್ನೆರಡರ ಹುಡುಗಿಗೆ ಹತ್ತು ನಿಮಿಷದಲ್ಲಿ ದಕ್ಕಿದ ತಿಳಿವಳಿಕೆ ಅವಳ ಅಜ್ಜಿಯ ಕಾಲದ ಯಾವ ಮಹಾವೈದ್ಯನಿಗೂ ಇರಲಿಲ್ಲ!

ಹೆದರಿಸಿ ಕಲಿಸಿದ ಕಾಲ

ಹಾಗಾದರೆ ಅದಕ್ಕೂ ಮೊದಲು ಶಾಲೆಗಳು ಏನು ಕಲಿಸುತ್ತಿದ್ದವು? ಭಯವನ್ನು. ‘ಶುದ್ಧತೆ’, ‘ನೈರ್ಮಲ್ಯ’ ಎಂಬ ಹೆಸರಿನಲ್ಲಿ ಗುಹ್ಯರೋಗದ ಭಯವನ್ನು. 1913ರಲ್ಲಿ ಷಿಕಾಗೊ ನಗರದ ಶಾಲೆಗಳ ಮುಖ್ಯಸ್ಥೆ ಎಲ್ಲಾ ಫ್ಲಾಗ್ ಯಂಗ್ ವೈದ್ಯರನ್ನು ಹೈಸ್ಕೂಲುಗಳಿಗೆ ಕರೆಸಿ ಉಪನ್ಯಾಸ ಕೊಡಿಸಿದರು. ಅಮೆರಿಕದ ಮಹಾನಗರವೊಂದರ ಶಿಕ್ಷಣ ಇಲಾಖೆಯ ಚುಕ್ಕಾಣಿ ಹಿಡಿದ ಮೊದಲ ಮಹಿಳೆ ಅವರು. ಅದುವರೆಗೆ ಯಾವ ದೊಡ್ಡ ನಗರವೂ ಇಂಥ ಹೆಜ್ಜೆ ಇಟ್ಟಿರಲಿಲ್ಲ. ವಿರೋಧದ ಬಿರುಗಾಳಿ ಎದ್ದು ಉಪನ್ಯಾಸಗಳು ಒಂದೇ ಸುತ್ತಿಗೆ ನಿಂತುಹೋದವು.

ಅದೇ ಹೊತ್ತಿಗೆ ಒಬ್ಬ ತಾಯಿ ಮಾಡಿದ ಕೆಲಸ ನೋಡಿ. ಹೆಸರು ಮೇರಿ ವೇರ್ ಡೆನೆಟ್. ಬೆಳೆಯುತ್ತಿದ್ದ ಇಬ್ಬರು ಗಂಡುಮಕ್ಕಳು ಪ್ರಶ್ನೆ ಕೇಳತೊಡಗಿದಾಗ ಆಕೆ ಅಂಗಡಿಯ ಪುಸ್ತಕಗಳನ್ನೆಲ್ಲ ಜಾಲಾಡಿದರು. ಒಂದೂ ಮಕ್ಕಳ ಕೈಗಿಡುವಂತಿರಲಿಲ್ಲ. ಎಲ್ಲದರಲ್ಲೂ ರೋಗ, ಪಾಪ, ಎಚ್ಚರಿಕೆ! ಪ್ರೀತಿಯೂ ಸಂತೋಷವೂ ಎಲ್ಲೂ ಇಲ್ಲ! 1915ರಲ್ಲಿ ತಾವೇ ಕೂತು ಬರೆದರು, ಚಿತ್ರಗಳನ್ನೂ ತಾವೇ ಬಿಡಿಸಿದರು. ‘ದಿ ಸೆಕ್ಸ್ ಸೈಡ್ ಆಫ್ ಲೈಫ್’ ಎಂಬ ಆ ಕಿರುಹೊತ್ತಗೆ ಮೊದಲು ವೈದ್ಯಕೀಯ ಪತ್ರಿಕೆಯೊಂದರಲ್ಲಿ ಬಂತು, ಆಮೇಲೆ ಕೈಯಿಂದ ಕೈಗೆ ಹಬ್ಬಿತು. ಯುವಕರ ಸಂಘಗಳು ತರಿಸಿಕೊಂಡವು, ಪಾದ್ರಿಗಳೂ ತರಿಸಿಕೊಂಡರು. 1922ರಲ್ಲಿ ಅಂಚೆ ಇಲಾಖೆ ಅದನ್ನು ಅಶ್ಲೀಲ ಎಂದು ಸಾರಿತು. ಆಕೆ ಬಗ್ಗಲಿಲ್ಲ, ಲಕೋಟೆಯಲ್ಲಿಟ್ಟು ಕಳಿಸುತ್ತಲೇ ಇದ್ದರು. 1929ರಲ್ಲಿ ನ್ಯಾಯಾಲಯ ಅವರನ್ನು ತಪ್ಪಿತಸ್ಥೆ ಎಂದು ಕರೆದು 300 ಡಾಲರ್ ದಂಡ ಹಾಕಿತು. ಮಕ್ಕಳಿಗೆ ನಿಜ ಹೇಳಿದ ತಪ್ಪಿಗೆ ಒಬ್ಬ ಅಜ್ಜಿಗೆ ಶಿಕ್ಷೆ! ಆ ಹೊತ್ತಿಗೆ ಆಕೆಯ ವಯಸ್ಸು 57. ಮುಂದಿನ ವರ್ಷವೇ ಮೇಲ್ಮನವಿ ನ್ಯಾಯಾಲಯ ಆ ತೀರ್ಪನ್ನು ತಳ್ಳಿಹಾಕಿತು. ಪ್ರಾಮಾಣಿಕವಾಗಿ, ಮರ್ಯಾದೆಯಿಂದ ಕೊಟ್ಟ ತಿಳಿವಳಿಕೆ ಅಶ್ಲೀಲವಾಗದು ಎಂಬ ಆ ತೀರ್ಮಾನ ಮುಂದೆ ಎಷ್ಟೋ ಪುಸ್ತಕಗಳಿಗೆ ಬಾಗಿಲು ತೆರೆಯಿತು.

ಈ ಇತಿಹಾಸ ಓದುತ್ತ ಹೋದಂತೆ ನನಗೆ ಒಂದು ಸಂಗತಿ ಮತ್ತೆಮತ್ತೆ ಕಣ್ಣಿಗೆ ಹೊಡೆಯಿತು. ಹೆದರಿಸಲು ಹುಟ್ಟಿದ ಪಾಠಗಳು ಬೇಗ ಬಿದ್ದುಹೋದವು. ಬೆರಗಿನಿಂದ ಹೇಳಿದ ಪಾಠಗಳು ತಡೆಗಳನ್ನೆಲ್ಲ ದಾಟಿ ಮಕ್ಕಳನ್ನು ಮುಟ್ಟಿದವು.

ಇದಕ್ಕಿಂತ ದೊಡ್ಡ ಪವಾಡ ಯಾವುದಿದೆ?

ಬೆರಗಾಗದೆ ಹೇಗೆ ಇರುವುದು ಹೇಳಿ! ಹೆಣ್ಣುಮಗುವಿನ ಅಂಡಗಳೆಲ್ಲ ಅವಳು ಹುಟ್ಟುವ ಮೊದಲೇ ರೂಪುಗೊಂಡಿರುತ್ತವೆ. ತಾಯಿಯ ಹೊಟ್ಟೆಯಲ್ಲಿ ಐದು ತಿಂಗಳಾಗುವಾಗ ಅರವತ್ತು ಎಪ್ಪತ್ತು ಲಕ್ಷ. ಹುಟ್ಟುವಾಗ ಹತ್ತು ಇಪ್ಪತ್ತು ಲಕ್ಷ. ಜೀವಮಾನದಲ್ಲಿ ಹಣ್ಣಾಗಿ ಹೊರಡುವುದು ಸುಮಾರು ನಾನೂರು ಮಾತ್ರ. ಅಂದರೆ ನೀವಾಗಿ ಬೆಳೆದ ಆ ಒಂದು ಅಂಡ ಮೊದಲು ಮೂಡಿದ್ದು ನಿಮ್ಮ ತಾಯಿ ನಿಮ್ಮ ಅಜ್ಜಿಯ ಗರ್ಭದಲ್ಲಿದ್ದಾಗ! ಇದನ್ನು ಕೇಳಿದ ಯಾವ ಮಗು ತಾನೇ ಮುಸಿಮುಸಿ ನಕ್ಕೀತು? ಕಣ್ಣರಳಿಸೀತು.

ಇನ್ನು ಮೈನೆರೆಯುವ ಗಳಿಗೆಯನ್ನು ನಿರ್ಧರಿಸುವವರು ಯಾರು? ಮಿದುಳಿನ ಆಳದ ಹೈಪೊಥಲಾಮಸ್‌ನಿಂದ ಹೊರಡುವ ಒಂದು ಪುಟ್ಟ ಹಾರ್ಮೋನು. ಅದರ ರಚನೆಯನ್ನು ಬಿಡಿಸಲು ಆಂಡ್ರ್ಯೂ ಶಾಲಿ, ರೋಜೆ ಗಿಯ್ಮೆ ಎಂಬ ಪ್ರತಿಸ್ಪರ್ಧಿಗಳು ಲಕ್ಷಾಂತರ ಹಂದಿ, ಕುರಿಗಳ ಮಿದುಳಿನ ಚೂರುಗಳನ್ನು ಅರೆದು ಸೋಸಿದರು. ಗುಟ್ಟು ಬಯಲಾದದ್ದು 1971ರಲ್ಲಿ, ನೊಬೆಲ್ ಬಂದದ್ದು 1977ರಲ್ಲಿ. ಆದರೆ ಹಾರ್ಮೋನು ಇದ್ದರಷ್ಟೇ ಸಾಲದು, ಅದಕ್ಕೆ ಲಯ ಬೇಕು! ಪಿಟ್ಸ್‌ಬರ್ಗ್‌ನ ಅರ್ನ್ಸ್ಟ್ ನೋಬಿಲ್ ಮತ್ತು ಸಂಗಡಿಗರು ಇನ್ನೂ ಮೈನೆರೆಯದ ಹೆಣ್ಣು ಕೋತಿಗಳಿಗೆ ಗಂಟೆಗೊಂದು ಮಿಡಿತದಂತೆ ಅದನ್ನು ಕೊಟ್ಟರು. ಕೋತಿಗಳು ಮೈನೆರೆದವು! ಮಿಡಿತ ನಿಲ್ಲಿಸಿದರು. ದೇಹ ಮತ್ತೆ ಬಾಲ್ಯಕ್ಕೆ ಮರಳಿತು! 1980ರಲ್ಲಿ ಪ್ರಕಟವಾದ ಈ ಪ್ರಯೋಗ ಓದಿದಾಗ ನಾನು ಪುಟ ತಿರುಗಿಸದೆ ಹಾಗೇ ಕೂತುಬಿಟ್ಟೆ. ಬಾಲ್ಯ ಮತ್ತು ಯೌವನದ ನಡುವೆ ಇರುವುದು ಒಂದು ತಾಳ!

ಆ ತಾಳ ಎಲ್ಲ ಕೂಸುಗಳಲ್ಲೂ ಹುಟ್ಟಿದ ಕೆಲವೇ ವಾರಗಳಲ್ಲಿ ಒಮ್ಮೆ ಬಡಿದು, ಆಮೇಲೆ ವರ್ಷಗಟ್ಟಲೆ ಮೌನವಾಗುತ್ತದೆ. ಹತ್ತರ ಆಸುಪಾಸಿನಲ್ಲಿ ಮತ್ತೆ ಎಚ್ಚೆತ್ತುಕೊಳ್ಳುತ್ತದೆ. ಮೊದಮೊದಲು ರಾತ್ರಿ ನಿದ್ದೆಯಲ್ಲಿ ಮಾತ್ರ! ಹೊರಗಿನವರಿಗೆ ಒಂದೂ ಗುರುತು ಸಿಗುವ ಮೊದಲೇ, ಮಲಗಿದ ಮಗುವಿನೊಳಗೆ ಯೌವನ ಶುರುವಾಗಿರುತ್ತದೆ. ಅದನ್ನು ಎಬ್ಬಿಸುವ ಅಣುಗಳಲ್ಲಿ ಒಂದು ಕಿಸ್‌ಪೆಪ್ಟಿನ್. ಅದರ ಜೀನ್ ಸಿಕ್ಕಿದ್ದು 1996ರಲ್ಲಿ, ಅಮೆರಿಕದ ಹರ್ಷಿ ಪಟ್ಟಣದಲ್ಲಿ. ಊರಿನ ಪ್ರಸಿದ್ಧ ‘ಕಿಸಸ್’ ಚಾಕೊಲೇಟಿನ ನೆನಪಿಗೆ ಆ ಹೆಸರಿಟ್ಟರು. ಆಗ ಅವರು ಹುಡುಕುತ್ತಿದ್ದದ್ದು ಕ್ಯಾನ್ಸರ್ ಹರಡುವುದನ್ನು ತಡೆಯುವ ಜೀನನ್ನು! 2003ರಲ್ಲಿ ಪ್ಯಾರಿಸ್ ಮತ್ತು ಬಾಸ್ಟನ್ನಿನ ಎರಡು ತಂಡಗಳು ಬೇರೆಬೇರೆಯಾಗಿ ಕಂಡುಕೊಂಡವು: ಈ ಅಣುವಿನ ಸಂದೇಶ ತಲುಪದಿದ್ದರೆ ಹರೆಯ ಬರುವುದೇ ಇಲ್ಲ.

ಗಂಡುಮಕ್ಕಳ ಕತೆಗೂ ಇಷ್ಟೇ ಬೆರಗಿದೆ. ಮೊದಲು ಅಂಗಾಲು, ಅಂಗೈ ಉದ್ದವಾಗುತ್ತವೆ. ಚಪ್ಪಲಿ ಬಿಗಿಯಾದ ಮೇಲೆ ಎತ್ತರ ಏರುತ್ತದೆ. ಧ್ವನಿಪೆಟ್ಟಿಗೆ ಹಿಗ್ಗಿ ದನಿ ಒಡೆಯುತ್ತದೆ. ಆ ದನಿ ಒಡೆಯುವುದರಲ್ಲೇ ಒಂದು ಇತಿಹಾಸ ಅಡಗಿದೆ ಗೊತ್ತೇ? ಜರ್ಮನಿಯ ಲೈಪ್‌ಜಿಗ್‌ನಲ್ಲಿ ಮಹಾನ್ ಸಂಗೀತಗಾರ ಬಾಖ್ ನಡೆಸುತ್ತಿದ್ದ ಗಾಯಕ ಬಾಲಕರ ತಂಡದ 1727ರಿಂದ 1749ರವರೆಗಿನ ದಾಖಲೆಗಳನ್ನು ಒಬ್ಬ ಸಂಶೋಧಕರು 1970ರಲ್ಲಿ ಪರಿಶೀಲಿಸಿದರು. ಹುಡುಗರ ದನಿ ಒಡೆಯುತ್ತಿದ್ದದ್ದು ಹದಿನಾರು ಹದಿನೇಳರ ಹೊತ್ತಿಗೆ! ಯುದ್ಧ ಬಂದು ಅನ್ನದ ಕೊರತೆಯಾದ ವರ್ಷಗಳಲ್ಲಿ ಇನ್ನೂ ತಡ! ಹುಡುಗಿಯರದ್ದೂ ಇದೇ ದಾರಿ. 19ನೇ ಶತಮಾನದ ನಡುವೆ ಉತ್ತರ ಯುರೋಪಿನ ಹುಡುಗಿಯರು ಹದಿನಾರು ಹದಿನೇಳಕ್ಕೆ ಮೈನೆರೆಯುತ್ತಿದ್ದರೆ, ಈಗ ಹನ್ನೆರಡು ಹದಿಮೂರಕ್ಕೆ. ಅನ್ನ, ಆರೋಗ್ಯ ಸುಧಾರಿಸಿದಂತೆ ದೇಹ ತನ್ನ ಗಡಿಯಾರವನ್ನು ಮುಂದಕ್ಕೆ ತಿರುಗಿಸಿಕೊಂಡಿದೆ. ಪಾಠದ ಗಡಿಯಾರ ಮಾತ್ರ ಹಿಂದೆ ಉಳಿದಿದೆ.

ಸ್ವೀಡನ್‌ನಿಂದ ಮುಂಬಯಿಗೆ

ಆ ಗಡಿಯಾರವನ್ನು ಮೊದಲು ಸರಿಪಡಿಸಿದ ದೇಶ ಸ್ವೀಡನ್. ಅಲ್ಲಿ ವೈದ್ಯಕೀಯ ಪದವಿ ಪಡೆದ ಮೊದಲ ಮಹಿಳೆ ಕರೊಲಿನಾ ವಿಡರ್‌ಸ್ಟ್ರೋಮ್ 1890ರ ದಶಕದಲ್ಲೇ ಹುಡುಗಿಯರಿಗೆ ಮೈಯ ಪಾಠ ಹೇಳಿದರು. ಆಮೇಲೆ ಬಂದವರು ಎಲಿಸ್ ಒಟ್ಟೆಸೆನ್ ಯೆನ್ಸೆನ್. ನಾರ್ವೆಯ ಪಾದ್ರಿಯೊಬ್ಬರ ಹದಿನೇಳನೇ ಮಗು! ಮದುವೆಗೆ ಮುನ್ನ ಗರ್ಭಿಣಿಯಾದ ತಂಗಿಯನ್ನು ಮನೆಯವರು ಗುಟ್ಟಾಗಿ ಡೆನ್ಮಾರ್ಕಿಗೆ ಸಾಗಹಾಕಿದರು. ಏನಾಗುತ್ತಿದೆ ಎಂದು ಆ ತಂಗಿಗೆ ಯಾರೂ ಹೇಳಿರಲಿಲ್ಲ. ಅವಳ ಬದುಕು ಮುರಿದುಬಿತ್ತು. ಆ ನೋವನ್ನು ಅಕ್ಕ ಜೀವನದ ಕೆಲಸವಾಗಿ ಮಾಡಿಕೊಂಡರು. ಗರ್ಭನಿರೋಧಕದ ಪ್ರಚಾರವೇ ಅಪರಾಧವಾಗಿದ್ದ ದಿನಗಳಲ್ಲಿ ಸ್ವೀಡನ್ನಿನ ಉತ್ತರದ ಹಿಮಭೂಮಿಯವರೆಗೆ ಹೋಗಿ ಕಾರ್ಮಿಕರ ಹೆಂಡಂದಿರಿಗೆ ಮೈಯ ಕತೆ ಬಿಡಿಸಿ ಹೇಳಿದರು. 1933ರಲ್ಲಿ ಲೈಂಗಿಕ ಶಿಕ್ಷಣಕ್ಕಾಗಿಯೇ ಒಂದು ರಾಷ್ಟ್ರೀಯ ಸಂಘ ಕಟ್ಟಿದರು. 1955ರಲ್ಲಿ ಸ್ವೀಡನ್ ಪ್ರತಿ ಶಾಲೆಯಲ್ಲೂ ಈ ಪಾಠವನ್ನು ಕಡ್ಡಾಯ ಮಾಡಿತು. ಜಗತ್ತಿನಲ್ಲೇ ಮೊದಲು!

ಆಕೆಯ ದಾರಿ ನಮ್ಮ ದೇಶವನ್ನೂ ಹಾದುಹೋಗಿದೆ. 1952ರಲ್ಲಿ ಮುಂಬಯಿಯಲ್ಲಿ ಹುಟ್ಟಿದ ಅಂತರರಾಷ್ಟ್ರೀಯ ಕುಟುಂಬ ಯೋಜನಾ ಒಕ್ಕೂಟದ ಸ್ಥಾಪಕರಲ್ಲಿ ಧನವಂತಿ ರಾಮರಾವ್, ಮಾರ್ಗರೆಟ್ ಸ್ಯಾಂಗರ್ ಜೊತೆಗೆ ಆಕೆಯೂ ಒಬ್ಬರು. ಮುಂದೆ ಅದರ ಅಧ್ಯಕ್ಷೆಯೂ ಆದರು. ಮುಂಬಯಿಯ ನೆಲವಾದರೂ ಎಂಥದ್ದು! ಅಲ್ಲಿ ಗಣಿತದ ಮೇಷ್ಟ್ರು ರಘುನಾಥ ಧೋಂಡೊ ಕರ್ವೆ 1927ರಿಂದ 1953ರವರೆಗೆ ‘ಸಮಾಜ ಸ್ವಾಸ್ಥ್ಯ’ ಎಂಬ ಮರಾಠಿ ಪತ್ರಿಕೆಯನ್ನು ಒಂಟಿಯಾಗಿ ನಡೆಸಿ, ಓದುಗರ ಲೈಂಗಿಕ ಪ್ರಶ್ನೆಗಳಿಗೆ ಉತ್ತರಿಸುತ್ತಿದ್ದರು. ಮೊಕದ್ದಮೆ ಬಿದ್ದಾಗ 1934ರಲ್ಲಿ ಅವರ ಪರ ವಾದಿಸಲು ನಿಂತ ವಕೀಲರು ಯಾರು ಗೊತ್ತೇ? ಡಾ. ಬಿ.ಆರ್. ಅಂಬೇಡ್ಕರ್!

ನಮ್ಮ ಮೈಸೂರೂ ಹಿಂದೆ ಬಿದ್ದಿರಲಿಲ್ಲ. ನಾಲ್ವಡಿ ಕೃಷ್ಣರಾಜ ಒಡೆಯರ್ ಕಾಲದಲ್ಲಿ, 1930ರಲ್ಲಿ, ಮೈಸೂರು ಸರ್ಕಾರ ಸಂತಾನ ನಿಯಂತ್ರಣ ಕ್ಲಿನಿಕ್ಕುಗಳನ್ನು ತೆರೆಯಿತು. ಒಂದು ಸರ್ಕಾರವೇ ಇಂಥ ಕ್ಲಿನಿಕ್ ತೆರೆದದ್ದು ಜಗತ್ತಿನಲ್ಲಿ ಅದೇ ಮೊದಲು ಎನ್ನುತ್ತಾರೆ. ಮುಂದೆ ಕನ್ನಡದಲ್ಲೇ ಡಾ. ಅನುಪಮಾ ನಿರಂಜನ ವೈದ್ಯೆಯಾಗಿ, ಕತೆಗಾರ್ತಿಯಾಗಿ ‘ಕೇಳು ಕಿಶೋರಿ’ ಬರೆದು, ಮನೆಯಲ್ಲಿ ಕೇಳಲಾಗದ್ದನ್ನು ಹುಡುಗಿಯರ ಕೈಗೆ ಪುಸ್ತಕವಾಗಿ ಇಟ್ಟರು.

ನಾವು ಎಲ್ಲಿ ತಡವಾದೆವು

ಇಷ್ಟು ದೊಡ್ಡ ಪರಂಪರೆ ಇದ್ದೂ ಶಾಲೆಯ ಬಾಗಿಲಲ್ಲಿ ನಾವು ಎಡವಿದೆವು. 2005ರ ಹೊತ್ತಿಗೆ ಕೇಂದ್ರ ಸರ್ಕಾರ ಹದಿಹರೆಯದ ಶಿಕ್ಷಣ ಕಾರ್ಯಕ್ರಮ ತಂದಿತು. ಅದರ ಬೆನ್ನಿಗಿದ್ದದ್ದು ಏಡ್ಸ್ ನಿಯಂತ್ರಣ ಸಂಸ್ಥೆ. ಉದ್ದೇಶ ಒಳ್ಳೆಯದೇ, ಆದರೆ ಪಾಠ ಬಂದದ್ದು ಮತ್ತೆ ರೋಗದ ಬೆನ್ನೇರಿ. 2007ರಲ್ಲಿ ಮಹಾರಾಷ್ಟ್ರ, ಮಧ್ಯಪ್ರದೇಶ ಮೊದಲಾದ ರಾಜ್ಯಗಳ ಜೊತೆ ಕರ್ನಾಟಕವೂ ಅದನ್ನು ಬೇಡವೆಂದಿತು. ಆಮೇಲೆ ಜೀವನ ಕೌಶಲಗಳ ಹೆಸರಿನಲ್ಲಿ, 2020ರಿಂದ ಆಯುಷ್ಮಾನ್ ಭಾರತದ ಶಾಲಾ ಆರೋಗ್ಯ ಕಾರ್ಯಕ್ರಮದ ಮೂಲಕ ಪಾಠ ಮತ್ತೆ ಒಳಬರುತ್ತಿದೆ. 2024ರಲ್ಲಿ ಸುಪ್ರೀಂ ಕೋರ್ಟ್ ಮಕ್ಕಳ ರಕ್ಷಣೆಯ ಪ್ರಕರಣವೊಂದರಲ್ಲಿ ಲೈಂಗಿಕ ಶಿಕ್ಷಣದ ಬಗೆಗಿನ ತಪ್ಪು ಕಲ್ಪನೆಗಳನ್ನು ಬಿಡಬೇಕೆಂದು ಸ್ಪಷ್ಟವಾಗಿ ಹೇಳಿತು.

ಆದರೂ ಲೆಕ್ಕ ನೋಡಿ. ಭಾರತದ ನೂರಕ್ಕೂ ಹೆಚ್ಚು ಅಧ್ಯಯನಗಳನ್ನು ಒಟ್ಟುಗೂಡಿಸಿ 2016ರಲ್ಲಿ ಪ್ರಕಟವಾದ ವಿಮರ್ಶೆಯೊಂದರ ಪ್ರಕಾರ, ಮೈನೆರೆಯುವ ಮುನ್ನ ಮುಟ್ಟಿನ ಬಗ್ಗೆ ತಿಳಿದಿದ್ದ ಹುಡುಗಿಯರು ಸುಮಾರು ಅರ್ಧ ಮಾತ್ರ. ಉಳಿದರ್ಧದಲ್ಲಿ ಎಷ್ಟೋ ಹುಡುಗಿಯರು ಒಂದು ದಿನ ಇದ್ದಕ್ಕಿದ್ದಂತೆ ರಕ್ತ ಕಂಡು, ತಮಗೇನೋ ಭಯಂಕರ ಕಾಯಿಲೆ ಎಂದುಕೊಳ್ಳುತ್ತಾರೆ. ಎನ್‌ಸಿಇಆರ್‌ಟಿ ಪುಸ್ತಕಗಳಲ್ಲಿ ಹದಿಹರೆಯದ ಅಧ್ಯಾಯ ವರ್ಷಗಟ್ಟಲೆ ಇದ್ದದ್ದು ಎಂಟನೇ ತರಗತಿಯಲ್ಲಿ. ಎಂಟಕ್ಕೆ ಬರುವಷ್ಟರಲ್ಲಿ ಎಷ್ಟೋ ಹುಡುಗಿಯರಿಗೆ ಆರತಿ ಎತ್ತಿ, ಚಿಗಳಿ ತಂಬಿಟ್ಟು ತಿನ್ನಿಸಿ ಆಗಿರುತ್ತದೆ! ನಮ್ಮ ಮನೆಗಳು ಮೈನೆರೆದದ್ದನ್ನು ಊರಿಗೆಲ್ಲ ಸಾರಿ ಹಬ್ಬ ಮಾಡುತ್ತವೆ. ಏನಾಯಿತು ಎಂಬುದನ್ನು ಮಾತ್ರ ಆ ಮಗುವಿಗೆ ಹೇಳುವುದಿಲ್ಲ. ಇನ್ನು ಹುಡುಗರಿಗೆ ಆರತಿಯೂ ಇಲ್ಲ, ಮಾತೂ ಇಲ್ಲ. ನಿದ್ದೆಯಲ್ಲಿ ವೀರ್ಯ ಹೋದರೆ ಶಕ್ತಿಯೇ ಸೋರಿತೆಂದು ಕೊರಗುತ್ತ, ಗೋಡೆ ಜಾಹೀರಾತಿನ ಡಾಕ್ಟರರನ್ನು ಹುಡುಕಿ ಹೋಗುತ್ತಾರೆ. ಅದು ಸಹಜ ಎಂಬ ಒಂದೇ ಸಾಲಿನಿಂದ ಆ ವೇದನೆ ತಪ್ಪುತ್ತಿತ್ತು!

ಹೇಳಿಕೊಟ್ಟರೆ ಮಕ್ಕಳು ಕೆಡುತ್ತಾರೆ ಎಂಬ ಅಂಜಿಕೆಗೂ ಉತ್ತರ ಸಿಕ್ಕಾಗಿದೆ. ಹಲವು ದೇಶಗಳ ಅಧ್ಯಯನಗಳನ್ನು ತೂಗಿ ನೋಡಿ ಯುನೆಸ್ಕೊ ರೂಪಿಸಿದ ಮಾರ್ಗಸೂಚಿ 2009ರಲ್ಲೂ, ಪರಿಷ್ಕೃತವಾಗಿ 2018ರಲ್ಲೂ ಅದೇ ಮಾತು ಹೇಳಿದೆ: ಸರಿಯಾದ ಲೈಂಗಿಕ ಶಿಕ್ಷಣ ಮಕ್ಕಳನ್ನು ಅವಸರಕ್ಕೆ ತಳ್ಳುವುದಿಲ್ಲ. ತನ್ನ ಅಂಗಗಳ ಹೆಸರು ಗೊತ್ತಿರುವ ಮಗುವಿಗೆ ಯಾರಾದರೂ ಕೆಟ್ಟದಾಗಿ ಮುಟ್ಟಿದಾಗ ಹಾಗೆಂದು ಹೇಳಲು ಮಾತಾದರೂ ಇರುತ್ತದೆ.

ಹಾಗಾಗಿ ನನ್ನ ಬೇಡಿಕೆ ನೇರವಾದದ್ದು. ಈ ಪಾಠ ಐದನೇ ತರಗತಿಗೆ ಬರಲಿ, ದೇಹ ಬಾಗಿಲು ತಟ್ಟುವ ಮೊದಲೇ ಬರಲಿ. ಹುಡುಗ ಹುಡುಗಿಯರು ಒಟ್ಟಿಗೆ ಕೂತು ಕೇಳಲಿ, ಏಕೆಂದರೆ ಪಕ್ಕದ ಬೆಂಚಿನವರ ಮೈಯಲ್ಲಿ ಏನಾಗುತ್ತಿದೆ ಎಂದು ಬಲ್ಲವರು ಅವರನ್ನು ಅಣಕಿಸುವುದಿಲ್ಲ. ಶಿಕ್ಷಕರಿಗೆ ತರಬೇತಿಯ ಜೊತೆಗೆ ಇಲಾಖೆಯ ಬೆಂಬಲವೂ ಸಿಗಲಿ. ಹೆಸರು ಬರೆಯದೆ ಚೀಟಿ ಹಾಕುವ ಪ್ರಶ್ನೆಪೆಟ್ಟಿಗೆಯೊಂದು ಪ್ರತಿ ತರಗತಿಯಲ್ಲಿರಲಿ. ರೋಗ, ಅಪಾಯ, ಎಚ್ಚರಿಕೆ ಎಲ್ಲ ಬೇಕು, ಬರಲಿ. ಆದರೆ ಎರಡನೆಯದಾಗಿ ಬರಲಿ. ಮೊದಲ ಪಾಠ ಅಜ್ಜಿಯ ಗರ್ಭದಲ್ಲಿ ಮೂಡಿದ ಅಂಡದ್ದಾಗಲಿ, ನಿದ್ದೆಯಲ್ಲಿ ಶುರುವಾಗುವ ತಾಳದ್ದಾಗಲಿ. ತನ್ನ ಮೈ ಇಷ್ಟು ದೊಡ್ಡ ಸೋಜಿಗ ಎಂದು ಹತ್ತನೇ ವಯಸ್ಸಿಗೇ ಅರಿತ ಮಗು ಅದಕ್ಕಾಗಿ ನಾಚುವುದಿಲ್ಲ, ಅದನ್ನು ಹಾಳುಗೆಡವಲು ಯಾರಿಗೂ ಸುಲಭವಾಗಿ ಬಿಡುವುದೂ ಇಲ್ಲ.